ಭಾಗವತರ ಪ್ರಶ್ನೆ, ಹಾಸ್ಯಗಾರರ ಉತ್ತರ: ಕರಾವಳಿಯ ರಾತ್ರಿರಂಗ ನಡೆದು ಬಂದ ದಾರಿ

ತೊಕ್ಕೊಟ್ಟು ದಾರಿಗಳು ಕೂಡುವ ಊರು. ನೇತ್ರಾವತಿ ಸೇತುವೆ ದಾಟಿ ಬಂದ ಹೆದ್ದಾರಿ ಕೋಟೆಕಾರು, ತಲಪಾಡಿ ಹಾದು ಕಾಸರಗೋಡಿಗೆ ಹೋಗುತ್ತದೆ. ಪಡುವಣಕ್ಕೆ ಹೊರಳಿದರೆ ಉಳ್ಳಾಲದ ದರ್ಗಾ ಮತ್ತು ಕಡಲು. ಮೂಡಣಕ್ಕೆ ಹೋದರೆ ದೇರಳಕಟ್ಟೆ, ಕೊಣಾಜೆ, ಮುಡಿಪು. ತುಳು, ಬ್ಯಾರಿ, ಕೊಂಕಣಿ, ಮಲಯಾಳ, ಕನ್ನಡ ಐದೂ ಒಂದೇ ಬಸ್‌ಸ್ಟಾಂಡಿನಲ್ಲಿ ಕಿವಿಗೆ ಬೀಳುತ್ತವೆ. ಪೂಜೆಗೆ, ನಮಾಜಿಗೆ, ಪ್ರಾರ್ಥನೆಗೆ ಇಲ್ಲಿ ಬೇರೆ ಬೇರೆ ಜಾಗಗಳಿವೆ. ಎಲ್ಲರೂ ಒಟ್ಟಿಗೆ ಕೂತು ನಗುವುದಕ್ಕೆ ಇದ್ದ ಜಾಗಗಳಲ್ಲಿ ದೊಡ್ಡದು ಯಕ್ಷಗಾನ ಆಟದ ಗದ್ದೆ.

ಇಂದು ಟೀವಿಯಲ್ಲಿ ರಾತ್ರಿ ಹೊತ್ತು ಒಬ್ಬ ನಿರೂಪಕ, ಒಬ್ಬ ಹಾಸ್ಯನಟ, ಪಕ್ಕದಲ್ಲೊಂದು ವಾದ್ಯವೃಂದ ಸೇರಿ ನಡೆಸುವ ನಗೆಯ ಹರಟೆಯನ್ನು ನೋಡಿದಾಗ ಅದು ಹೊರಗಿನಿಂದ ಬಂದ ಹೊಸ ಬಗೆ ಎಂದೇ ಅನಿಸುತ್ತದೆ. ಆದರೆ ಹಾಡಿನವರಾದ ಭಾಗವತರು ಪ್ರಶ್ನೆ ಹಾಕುವುದು, ನಗಿಸುವ ಹಾಸ್ಯಗಾರರು ಉತ್ತರ ಕೊಡುವುದು, ಆ ಉತ್ತರಕ್ಕೆ ಮದ್ದಳೆಯೊಂದು ಪೆಟ್ಟು ಕೊಟ್ಟು ನಗುವನ್ನು ಎತ್ತಿ ಹಿಡಿಯುವುದು – ಈ ಏರ್ಪಾಡು ನಮ್ಮ ಯಕ್ಷಗಾನ ಬಯಲಾಟದಲ್ಲಿ ತಲೆಮಾರುಗಳಿಂದ ಇದೆ. ಅದು ಗದ್ದೆಯಿಂದ ಡೇರೆಗೆ, ಡೇರೆಯಿಂದ ಬಾನುಲಿಗೆ, ಅಲ್ಲಿಂದ ಕಿರುತೆರೆಗೂ ಮೊಬೈಲಿಗೂ ಸಾಗಿ ಬಂದ ಚರಿತ್ರೆಯನ್ನು ಈ ಸ್ಮರಣ ಸಂಚಿಕೆಗಾಗಿ ಕಾಲಾನುಕ್ರಮದಲ್ಲಿ ದಾಖಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಮೊದಲ ನೆಲೆ: 1556ರಿಂದ 1930ರವರೆಗೆ

ತಾಳಮದ್ದಳೆಯವರಿಗೆ ದತ್ತಿ ಬಿಟ್ಟ ವಿಷಯವನ್ನು ಹೇಳುವ 1556ರ ಶಾಸನವೊಂದು ಬಳ್ಳಾರಿ ಸೀಮೆಯ ಕುರುಗೋಡಿನ ಪರಿಸರದಲ್ಲಿ ದೊರೆತಿದೆ. ಹಾಡು ಮತ್ತು ಮಾತು ಜೊತೆಯಾಗಿ ನಡೆಯುವ ಈ ಕಲೆಗೆ ಆಶ್ರಯ ಸಿಕ್ಕ ಹಳೆಯ ದಾಖಲೆಗಳಲ್ಲಿ ಇದು ಮುಖ್ಯವಾದುದು. ಯಕ್ಷಗಾನದ ತೆಂಕಣ ಶೈಲಿಯಾದ ತೆಂಕುತಿಟ್ಟಿನ ಮಟ್ಟಿಗೆ ಎಲ್ಲರೂ ನೆನೆಯುವ ಹೆಸರು ಕುಂಬಳೆಯ ಪಾರ್ತಿಸುಬ್ಬನದು. ಆತನ ಕಾಲ, ಕೃತಿಗಳ ಬಗ್ಗೆ ವಿದ್ವಾಂಸರಲ್ಲಿ ಬಹಳ ಚರ್ಚೆ ನಡೆದಿದೆ. ರಾಮಾಯಣದ ಪ್ರಸಂಗಗಳು ಅವನ ಹೆಸರಿನಲ್ಲೇ ಊರೂರಿನ ಭಾಗವತರ ನಾಲಗೆಯ ಮೇಲೆ ಉಳಿದು ಬಂದವು ಎಂಬ ಮಾತಿನಲ್ಲಿ ಮಾತ್ರ ಭಿನ್ನಾಭಿಪ್ರಾಯವಿಲ್ಲ. ತೊಕ್ಕೊಟ್ಟಿನಿಂದ ದಕ್ಷಿಣಕ್ಕೆ ಹೋಗುವ ಇದೇ ಹೆದ್ದಾರಿಯಲ್ಲಿ ಕುಂಬಳೆ ಸಿಗುತ್ತದೆ. ನಡುವೆ ರಾಜ್ಯದ ಗಡಿ ಬಂದದ್ದು 1956ರಲ್ಲಿ. ಆಟಕ್ಕೆ ಆ ಗಡಿ ತೊಡಕಾಗಲಿಲ್ಲ.

ಈ ಕಲೆಯಲ್ಲಿ ಬರೆದಿಟ್ಟದ್ದು ಪದ, ಮಾತು ಆಶು. ಪ್ರಸಂಗದ ಪುಸ್ತಕದಲ್ಲಿ ರಾಗ, ತಾಳ, ಪದ್ಯಗಳು ಇರುತ್ತವೆ. ಪದ್ಯ ಮುಗಿದ ಮೇಲೆ ವೇಷಧಾರಿ ಹೇಳುವ ಅರ್ಥ ಆ ರಾತ್ರಿಯದೇ. ಹಾಸ್ಯಗಾರರಿಗಂತೂ ಅನೇಕ ಸಲ ಪದ್ಯದ ಆಸರೆಯೂ ಇಲ್ಲ. ಬಾಗಿಲು ಕಾಯುವ ದೂತ, ಓಲೆ ಒಯ್ಯುವ ಚಾರ, ದಾರಿತಪ್ಪಿದ ಬ್ರಾಹ್ಮಣ, ಕಂಸವಧೆಯ ರಜಕ, ನಳ ದಮಯಂತಿಯ ಬಾಹುಕ ಮುಂತಾದ ವೇಷಗಳಲ್ಲಿ ಅವರು ರಂಗಕ್ಕೆ ಬಂದು ಮೊದಲು ಮಾತಾಡುವುದು ಭಾಗವತರ ಹತ್ತಿರ.

ಆ ಸಂಭಾಷಣೆಯ ರೀತಿ ಆಟ ನೋಡಿದವರಿಗೆಲ್ಲ ಗೊತ್ತು. ಭಾಗವತರು ಜಾಗಟೆ ನಿಲ್ಲಿಸಿ, "ಯಾರಪ್ಪ ನೀನು?" ಎಂದು ಕೇಳುತ್ತಾರೆ. "ನಿನ್ನೆ ರಾತ್ರಿ ಪಕ್ಕದೂರಿನಲ್ಲೂ ಇದನ್ನೇ ಕೇಳಿದಿರಿ ಭಾಗವತರೇ, ಅಷ್ಟು ಬೇಗ ಮರೆವೇ?" ಎಂಬಂಥ ಉತ್ತರ ಬರುತ್ತದೆ. ಗದ್ದೆಯಲ್ಲಿ ಮೊದಲ ನಗೆ. "ನಿನ್ನೆ ಬಂದವ ಬ್ರಾಹ್ಮಣ, ನೀನು ದೂತನಲ್ಲವೇ?" ಎಂದು ಭಾಗವತರು ಸರಿಪಡಿಸುತ್ತಾರೆ. "ವೇಷ ಬೇರೆ, ಹಸಿವು ಒಂದೇ" ಎಂದು ಹಾಸ್ಯಗಾರ ಹೊಟ್ಟೆ ಮುಟ್ಟಿಕೊಳ್ಳುತ್ತಾರೆ. ಮದ್ದಳೆಗಾರ ಅಲ್ಲೊಂದು ಸಣ್ಣ ಪೆಟ್ಟು ಕೊಡುತ್ತಾರೆ. ಇಲ್ಲಿ ಭಾಗವತರು ಕಥೆಯ ಒಳಗೂ ಇದ್ದಾರೆ, ಹೊರಗೂ ಇದ್ದಾರೆ. ಹಾಸ್ಯಗಾರ ಎಷ್ಟು ದೂರ ಹೋಗಬಹುದು, ಎಲ್ಲಿ ನಿಲ್ಲಿಸಬೇಕು ಎಂಬುದು ಅವರ ಕೈಯಲ್ಲಿದೆ. ಮಾತು ಹದ ತಪ್ಪುವಂತಿದ್ದರೆ ಮುಂದಿನ ಪದ್ಯ ಎತ್ತಿಬಿಟ್ಟರಾಯಿತು.

ತೆಂಕಿನ ಮೇಳಗಳಲ್ಲಿ ಭಾಗವತರ ನಂತರದ ಗೌರವ ಹಾಸ್ಯಗಾರರಿಗೆ ಎಂಬ ಮಾತು ಬಂದದ್ದು ಇದರಿಂದಲೇ. ಪೂರ್ವರಂಗದ ಕ್ರಮ ತಿಳಿದಿರಬೇಕು, ಎಲ್ಲ ಪ್ರಸಂಗಗಳ ನಡೆ ಗೊತ್ತಿರಬೇಕು, ಯಾರಾದರೂ ಬಾರದೇ ಹೋದರೆ ಆ ವೇಷವನ್ನು ತುಂಬಿಕೊಡಬೇಕು. ಚೌಕಿಯಲ್ಲಿ ಮುಖ್ಯ ವೇಷದ ಬಣ್ಣಗಾರಿಕೆ ಮುಗಿಯದಿದ್ದರೆ ಹೊರಗೆ ಕಾಲು ಗಂಟೆ ಸಭೆಯನ್ನು ಹಿಡಿದು ನಿಲ್ಲಿಸಬೇಕಾದವರೂ ಅವರೇ.

ಡೇರೆಯ ಕಾಲ: 1934ರಿಂದ 1975ರವರೆಗೆ

ಬಡಗಣ ಶೈಲಿಯಾದ ಬಡಗುತಿಟ್ಟಿನಲ್ಲಿ ಕೆರೆಮನೆ ಶಿವರಾಮ ಹೆಗಡೆಯವರು 1934ರಲ್ಲಿ ಇಡಗುಂಜಿ ಮೇಳವನ್ನು ಕಟ್ಟಿದರು. ಕ್ಷೇತ್ರದ ಹೆಸರಿನಲ್ಲಿ ಹರಕೆಯ ಆಟವಾಡುವ ಮೇಳಗಳು ತೆಂಕಿನಲ್ಲಿ ಮೊದಲೇ ಇದ್ದವು. ಇಪ್ಪತ್ತನೆಯ ಶತಮಾನದ ನಡುಭಾಗದಲ್ಲಿ ಇವುಗಳ ಜೊತೆಗೆ ಟಿಕೆಟಿನ ಆಟಗಳು ಬಂದು ಡೇರೆ ಮೇಳಗಳ ಯುಗ ತೊಡಗಿತು. ಸುರತ್ಕಲ್ ಮೇಳ, ಕರ್ನಾಟಕ ಮೇಳ, ಬಡಗಿನ ಸಾಲಿಗ್ರಾಮ ಮೇಳ ಮೊದಲಾದವು ಊರೂರಿನ ಗದ್ದೆಗಳಲ್ಲಿ ಡೇರೆ ಹೂಡಿದವು. ದೀಪಾವಳಿಯ ಆಚೆಈಚೆ ಹೊರಡುವ ತಿರುಗಾಟ ಪತ್ತನಾಜೆಗೆ, ಅಂದರೆ ಮೇ ತಿಂಗಳ ಕೊನೆಯ ವಾರಕ್ಕೆ, ಮುಗಿಯುತ್ತಿತ್ತು. ಸುಮಾರು ಆರು ತಿಂಗಳು ಪ್ರತಿ ರಾತ್ರಿ ಆಟ, ಪ್ರತಿ ಹಗಲು ಪ್ರಯಾಣ.

ಡೇರೆ ಮೇಳ ಈ ಕಲೆಗೆ ಒಂದು ಸಂಸ್ಥೆಯ ರೂಪ ಕೊಟ್ಟಿತು. ಯಜಮಾನರು, ಮೆನೇಜರು, ತಿರುಗಾಟದ ಸಂಬಳ, ಮುಂಗಡ, ಲಾರಿ, ಜನರೇಟರು, ಕರಪತ್ರ, ಕಾರಿಗೆ ಮೈಕು ಕಟ್ಟಿ ಊರಿಡೀ ಸಾರುವ ಪ್ರಚಾರ – ಇವೆಲ್ಲ ಅದರೊಂದಿಗೆ ಬಂದವು. ನೆಲ, ಬೆಂಚು, ಕುರ್ಚಿ, ಆರಾಮಕುರ್ಚಿ ಎಂದು ಟಿಕೆಟಿನ ದರ್ಜೆಗಳಿದ್ದವು. ನೆಲದಲ್ಲಿ ಚಾಪೆ ಹಾಸಿ ಮಕ್ಕಳನ್ನು ಮಲಗಿಸಿಕೊಂಡ ತಾಯಂದಿರು ಹಾಸ್ಯಗಾರ ಬಂದಾಗ ಮಕ್ಕಳನ್ನು ಎಬ್ಬಿಸುತ್ತಿದ್ದರು. ಮಹಿಷಾಸುರ ಬಂದಾಗ ಮಕ್ಕಳು ತಾವಾಗಿ ಏಳುತ್ತಿದ್ದರು. ಡೇರೆಯ ಹೊರಗೆ ಚರುಮುರಿ, ನೆಲಗಡಲೆ, ಚಹಾದ ಅಂಗಡಿಗಳು ಬೆಳಗಿನ ತನಕ ತೆರೆದಿರುತ್ತಿದ್ದವು.

ಟಿಕೆಟು ಬಂದ ಮೇಲೆ ಪ್ರೇಕ್ಷಕರನ್ನು ನಿದ್ದೆಯಿಂದ ಕಾಯುವುದು ಮೇಳದ ವ್ಯವಹಾರದ ಪ್ರಶ್ನೆಯೂ ಆಯಿತು. ರಾತ್ರಿಯ ನಡುಜಾವದ ನಂತರ ಕಣ್ಣು ಎಳೆಯುವ ಹೊತ್ತಿಗೆ ಹಾಸ್ಯದ ಸನ್ನಿವೇಶವನ್ನಿಟ್ಟು, ಅದು ಮುಗಿಯುವಾಗ ಚೆಂಡೆಯ ಪೆಟ್ಟಿಗೆ ಸಭೆ ಎಚ್ಚೆತ್ತು ಕೂರುವಂತೆ ಪ್ರಸಂಗವನ್ನು ಹೊಂದಿಸುವುದರಲ್ಲಿ ಅಂದಿನ ಭಾಗವತರ ಅನುಭವ ಕಾಣುತ್ತಿತ್ತು. ಹಾಡುಗಾರಿಕೆಯೂ ಬೆಳೆಯಿತು. ತೆಂಕಿನಲ್ಲಿ ಬಲಿಪ ಶೈಲಿ, ಅಗರಿ ಶೈಲಿ ಎಂದು ಗುರುತಿಸುವಷ್ಟು ಸ್ಪಷ್ಟವಾದ ಎರಡು ದಾರಿಗಳು ನೆಲೆಗೊಂಡವು. ಕರ್ನಾಟಕ ಮೇಳದಲ್ಲಿ ದಾಮೋದರ ಮಂಡೆಚ್ಚರು ಶಾಸ್ತ್ರೀಯ ಸಂಗೀತದ ರಾಗಗಳಿಗೆ ರಂಗದಲ್ಲಿ ಜಾಗ ಮಾಡಿಕೊಟ್ಟರು.

ಹಾಸ್ಯದಲ್ಲಿ ಹೆಸರೇ ಟಿಕೆಟು ಮಾರಿಸುವ ಕಲಾವಿದರು ಬಂದದ್ದೂ ಇದೇ ಕಾಲದಲ್ಲಿ. ಪೆರುವೋಡಿ ನಾರಾಯಣ ಭಟ್ಟರ ಪಾಪಣ್ಣನನ್ನು ನೋಡಲೆಂದೇ ಜನ 'ಪಾಪಣ್ಣ ವಿಜಯ' ಪ್ರಸಂಗಕ್ಕೆ ಬರುತ್ತಿದ್ದರು. ಧರ್ಮಸ್ಥಳ ಮೇಳದಲ್ಲಿ ವಿಟ್ಲ ಗೋಪಾಲಕೃಷ್ಣ ಜೋಷಿ, ಬಡಗಿನಲ್ಲಿ ಕುಂಜಾಲು ರಾಮಕೃಷ್ಣ ನಾಯಕ್ ಹಾಸ್ಯಕ್ಕೆ ಘನತೆ ತಂದುಕೊಟ್ಟರು. ಶಿವರಾಮ ಕಾರಂತರು ಈ ಕಲೆಯ ಕುರಿತು ಬರೆದ 'ಯಕ್ಷಗಾನ ಬಯಲಾಟ' ಗ್ರಂಥ 1957ರಲ್ಲಿ ಪ್ರಕಟವಾಗಿ, ಗದ್ದೆಯ ಕಲೆಯನ್ನು ವಿದ್ವತ್ತಿನ ಅಂಗಳಕ್ಕೂ ತಂದಿತು.

ಶೇಣಿ ಗೋಪಾಲಕೃಷ್ಣ ಭಟ್ಟರ ಬಪ್ಪ ಬ್ಯಾರಿಯನ್ನು ಇಲ್ಲಿ ನೆನೆಯದೆ ಮುಂದೆ ಹೋಗಲಾಗದು. ಮೂಲ್ಕಿಯ ಶಾಂಭವಿ ಹೊಳೆಯಲ್ಲಿ ದೋಣಿ ನಿಂತುಹೋದ ಮುಸ್ಲಿಂ ವರ್ತಕನೊಬ್ಬ ದೇವಿಯ ಗುಡಿಗೆ ಕಾರಣನಾದ ಐತಿಹ್ಯ ಬಪ್ಪನಾಡು ಕ್ಷೇತ್ರದ್ದು. ಪುರಾಣದ ರಾವಣ, ಮಾಗಧರಿಗೆ ಹೆಸರಾದ ಶೇಣಿಯವರು ಆ ವರ್ತಕನ ಪಾತ್ರವನ್ನು ತೆಳು ನಗೆಯೊಂದಿಗೆ, ಲವಲೇಶವೂ ಗೇಲಿಗಿಳಿಯದೆ ಕಟ್ಟಿದರು. ಹಿಂದೂಗಳೂ ಬ್ಯಾರಿಗಳೂ ಅಕ್ಕಪಕ್ಕ ಬದುಕುವ ನಮ್ಮಂಥ ಊರುಗಳಲ್ಲಿ ಆ ವೇಷಕ್ಕೆ ಸಿಕ್ಕ ಪ್ರೀತಿ, ನಗು ಯಾರ ಮನಸ್ಸನ್ನೂ ಕೆಡಿಸದೆ ಬದುಕಬಲ್ಲದು ಎಂಬುದಕ್ಕೆ ಸಾಕ್ಷಿ.

ತುಳುವಿನ ನಗೆ: 1887ರಿಂದ 1990ರವರೆಗೆ

ಬಾಯಾರು ಸಂಕಯ್ಯ ಭಾಗವತರ ತುಳು ಪಂಚವಟಿ ಪ್ರಸಂಗ ಅಚ್ಚಾದದ್ದು 1887ರಲ್ಲಿ. ಆದರೆ ತುಳು ಭಾಷೆ ವೃತ್ತಿರಂಗದಲ್ಲಿ ಪೂರ್ತಿಯಾಗಿ ನೆಲೆಯೂರಿದ್ದು ಡೇರೆ ಮೇಳಗಳ ಕಾಲದಲ್ಲಿ. ಕಲ್ಲಾಡಿ ವಿಠಲ ಶೆಟ್ಟರ ಯಜಮಾನಿಕೆಯ ಕರ್ನಾಟಕ ಮೇಳ ತುಳು ಪ್ರಸಂಗಗಳಿಗೆ ಹೆಸರಾಯಿತು. ಮಂಡೆಚ್ಚರ ಹಾಡು, ಬೋಳಾರ ನಾರಾಯಣ ಶೆಟ್ಟಿ, ಅಳಿಕೆ ರಾಮಯ್ಯ ರೈ, ಮಲ್ಪೆ ರಾಮದಾಸ ಸಾಮಗರಂಥವರ ಮಾತು, ಮಿಜಾರು ಅಣ್ಣಪ್ಪರ ಹಾಸ್ಯ – ಇವು ಸೇರಿದ ರಾತ್ರಿಗಳ ನೆನಪು ಹಿರಿಯರಲ್ಲಿ ಇನ್ನೂ ಹಸಿರಾಗಿದೆ. 'ಅಭಿನವ ತೆನಾಲಿ' ಎಂದೇ ಕರೆಸಿಕೊಂಡ ಅಣ್ಣಪ್ಪರು ಮನೆಮಾತಿನಲ್ಲೇ ನಗಿಸುತ್ತಿದ್ದರು. ಕನ್ನಡದ ಅರ್ಥ ಅಷ್ಟಾಗಿ ತಲೆಗೆ ಹತ್ತದ, ಹಗಲೆಲ್ಲ ಗದ್ದೆಯಲ್ಲೋ ಹಂಚಿನ ಕಾರ್ಖಾನೆಯಲ್ಲೋ ದುಡಿದು ಬಂದವರಿಗೆ ಅಂಥ ರಾತ್ರಿ ತಮ್ಮದೇ ಎನಿಸುತ್ತಿತ್ತು. ಬೀಡಿ ಕಟ್ಟುವ ಹೆಂಗಸರು ಕೈಕೆಲಸದ ನಡುವೆ ಹಿಂದಿನ ರಾತ್ರಿಯ ಮಾತುಗಳನ್ನು ಮರುದಿನ ಆಡಿ ತೋರಿಸಿ ನಗುತ್ತಿದ್ದರು.

ಪುರಾಣವನ್ನು ಬಿಟ್ಟು ತುಳು ಕಥೆಗಳಿಗೆ ಹೋದದ್ದು, ಹಾಸ್ಯಕ್ಕೆ ಹೆಚ್ಚು ಹೊತ್ತು ಕೊಟ್ಟದ್ದು ಎಲ್ಲರಿಗೂ ಒಪ್ಪಿಗೆಯಾಗಲಿಲ್ಲ. ಸಂಪ್ರದಾಯ ಕೆಟ್ಟೀತೆಂಬ ಕಳಕಳಿ ಒಂದು ಕಡೆ, ಜನರನ್ನು ಬಿಟ್ಟರೆ ಕಲೆಯೇ ಉಳಿಯದು ಎಂಬ ಅನುಭವ ಇನ್ನೊಂದು ಕಡೆ. ಎರಡೂ ಕಡೆಯವರಿಗೆ ಕಲೆಯ ಮೇಲೆ ಪ್ರೀತಿಯೇ ಇತ್ತು. ಕಾಲ ಸರಿದಂತೆ ಚರ್ಚೆಯ ಬಿಸಿ ತಣ್ಣಗಾಗಿ, ಹರಕೆ ಮೇಳಗಳು ಪುರಾಣವನ್ನೂ ಕೆಲವು ಡೇರೆ ಮೇಳಗಳು ತುಳುವನ್ನೂ ಉಳಿಸಿಕೊಂಡು ಹೋದವು.

ಈ ಎರಡು ದಾರಿಗಳ ನಡುವೆ ಸೇತುವೆಯಾದವರಲ್ಲಿ ನಮ್ಮ ನೆರೆಯವರೇ ಆದ ಅಮೃತ ಸೋಮೇಶ್ವರರು ಮುಖ್ಯರು. ಕೋಟೆಕಾರಿನ ಅಡ್ಕದಲ್ಲಿ 1935ರಲ್ಲಿ ಹುಟ್ಟಿ, ಪುತ್ತೂರಿನ ವಿವೇಕಾನಂದ ಕಾಲೇಜಿನಲ್ಲಿ ಅಧ್ಯಾಪಕರಾಗಿ, ನಿವೃತ್ತಿಯ ನಂತರವೂ ಸೋಮೇಶ್ವರದಲ್ಲೇ ನೆಲೆಸಿದ್ದ ಅವರು ಕನ್ನಡ ಮತ್ತು ತುಳು ಎರಡರಲ್ಲೂ ಪ್ರಸಂಗ ಬರೆದರು. ತುಳು ಜನಪದ ಕಥನಗೀತೆಗಳಾದ ಪಾಡ್ದನಗಳ ಕಥೆಯನ್ನು ಯಕ್ಷಗಾನದ ಛಂದಸ್ಸಿಗೆ ಒಗ್ಗಿಸಿದ 'ಅಮರ ಶಿಲ್ಪಿ ವೀರ ಶಂಭು ಕಲ್ಕುಡ', ಪುರಾಣದ ವಸ್ತುವಿನ 'ಸಹಸ್ರಕವಚ ಮೋಕ್ಷ' ಅವರ ಕೃತಿಗಳು. 2024ರ ಜನವರಿ 6ರಂದು ಅವರು ತೀರಿಕೊಂಡಾಗ ಈ ಭಾಗದ ಸಾಹಿತ್ಯ ಮತ್ತು ರಂಗ ಎರಡೂ ಒಬ್ಬ ಹಿರಿಯರನ್ನು ಕಳೆದುಕೊಂಡವು.

ಇದೇ ಹೊತ್ತಿಗೆ ತುಳು ನಾಟಕವೂ ಬಲಿಯಿತು. ಮಾಧವ ತಿಂಗಳಾಯರ 'ಜನ ಮರ್ಲ್' 1933ರದು. ಮುಂದೆ ಕೆ.ಎನ್. ಟೇಲರ್ ಮತ್ತಿತರರು ಸಾಮಾಜಿಕ ನಾಟಕಗಳನ್ನು ಹಾಡು, ಹಾಸ್ಯಗಳೊಂದಿಗೆ ಊರೂರಿಗೆ ಒಯ್ದರು. 1971ರಲ್ಲಿ ತೆರೆಕಂಡ ಮೊದಲ ತುಳು ಚಿತ್ರ 'ಎನ್ನ ತಂಗಡಿ' ರೂಪುಗೊಂಡದ್ದು ಈ ರಂಗಭೂಮಿ ಕಾವೇರಿದ್ದ ದಿನಗಳಲ್ಲೇ.

ಬಾನುಲಿ ಮತ್ತು ಕ್ಯಾಸೆಟ್: 1976ರಿಂದ 1994ರವರೆಗೆ

1976ರ ಡಿಸೆಂಬರ್ 11ರಂದು ಮಂಗಳೂರು ಆಕಾಶವಾಣಿ ಪ್ರಸಾರ ಆರಂಭಿಸಿತು. ಅದಕ್ಕೆ ಮುಂಚೆ ಕರಾವಳಿಯವರು ಕನ್ನಡಕ್ಕಾಗಿ ಧಾರವಾಡ, ಬೆಂಗಳೂರು, ಭದ್ರಾವತಿಗಳ ಕಡೆಗೆ ಮುಳ್ಳು ತಿರುಗಿಸಬೇಕಿತ್ತು. ಸ್ಟುಡಿಯೋ ಮಂಗಳೂರಿನ ಕದ್ರಿ ಗುಡ್ಡದಲ್ಲಿ, ಪ್ರೇಷಕ ಬ್ರಹ್ಮಾವರದಲ್ಲಿ. ಯಕ್ಷಗಾನದ ಹಾಡುಗಾರಿಕೆ, ತಾಳಮದ್ದಳೆ, ತುಳು ಮತ್ತು ಕೊಂಕಣಿ ಕಾರ್ಯಕ್ರಮಗಳು ಮನೆಯೊಳಗೆ ಬಂದವು. ಗದ್ದೆಗೆ ಹೋಗಲಾಗದ ವೃದ್ಧರು, ರಾತ್ರಿ ಹೊರಗೆ ಹೋಗಲು ಮನೆಯಲ್ಲಿ ಒಪ್ಪಿಗೆಯಿಲ್ಲದ ಹೆಣ್ಣುಮಕ್ಕಳು ಬಲಿಪರ ಏರುಪದವನ್ನೂ ಶೇಣಿಯವರ ಅರ್ಥವನ್ನೂ ಅಡುಗೆಮನೆಯಲ್ಲಿ ಕೇಳಿದರು. ಈ ಕೇಂದ್ರಕ್ಕೆ 2026ರ ಡಿಸೆಂಬರಿಗೆ ಐವತ್ತು ತುಂಬುತ್ತದೆ.

ಬಾನುಲಿಗೆ ಹೆಚ್ಚು ಒಗ್ಗಿದ್ದು ತಾಳಮದ್ದಳೆ. ವೇಷವಿಲ್ಲ, ಕುಣಿತವಿಲ್ಲ, ಭಾಗವತರ ಪದ್ಯ, ಎದುರುಬದುರು ಕೂತ ಅರ್ಥಧಾರಿಗಳ ಮಾತು, ಅಷ್ಟೇ. ಮಳೆಗಾಲದಲ್ಲಿ ಆಟ ನಿಂತಾಗ ದೇವಸ್ಥಾನದ ಚಾವಡಿಯಲ್ಲೋ ಮನೆಯ ಜಗಲಿಯಲ್ಲೋ ನಡೆಯುವ ಈ ಕೂಟಗಳಲ್ಲಿ ತರ್ಕದ ನಡುವೆ ಥಟ್ಟನೆ ಹಾರುವ ಚಾಟು ಮಾತೇ ಜನ ಕಾಯುವ ಕ್ಷಣ. ದೇರಾಜೆ ಸೀತಾರಾಮಯ್ಯ, ಸಾಮಗ ಸಹೋದರರು, ಕುಂಬಳೆ ಸುಂದರ ರಾವ್ ಮೊದಲಾದವರ ಕೂಟಗಳು ಕ್ಯಾಸೆಟ್‌ಗಳಾಗಿ ಮುಂಬೈಯ ಚಾಳುಗಳಿಗೂ ಕೊಲ್ಲಿಯ ದೇಶಗಳಿಗೂ ಹೋದವು. ತೊಕ್ಕೊಟ್ಟು, ಉಳ್ಳಾಲಗಳಿಂದ ಕೊಲ್ಲಿಗೆ ಹೋದವರ ಸಾಮಾನಿನಲ್ಲಿ ಉಪ್ಪಿನಕಾಯಿಯ ಜೊತೆ ಇಂಥ ಕ್ಯಾಸೆಟ್ಟೂ ಇರುವುದು ಅಪರೂಪವಾಗಿರಲಿಲ್ಲ.

ಹೆಣ್ಣುಮಕ್ಕಳ ಮಟ್ಟಿಗೂ ಇದು ತಿರುವಿನ ಕಾಲ. ಮಧೂರಿನಲ್ಲಿ ಹುಟ್ಟಿದ ಲೀಲಾವತಿ ಬೈಪಡಿತ್ತಾಯರು, ಮದ್ದಳೆಗಾರರಾದ ಪತಿ ಹರಿನಾರಾಯಣ ಬೈಪಡಿತ್ತಾಯರ ಜೊತೆ ವೃತ್ತಿಮೇಳದಲ್ಲಿ ತಿರುಗಾಟ ಮಾಡಿದ ಮೊದಲ ಮಹಿಳಾ ಭಾಗವತರೆನಿಸಿದರು. ಗಂಡಸರೇ ತುಂಬಿದ್ದ ಚೌಕಿಯಲ್ಲಿ ಅವರಿಗೆ ಸಿಕ್ಕ ಮನ್ನಣೆ ಹಿಮ್ಮೇಳದ ಚರಿತ್ರೆಯ ಮೈಲಿಗಲ್ಲು. 2024ರ ಡಿಸೆಂಬರಿನಲ್ಲಿ ಅವರು ನಮ್ಮನ್ನಗಲಿದರು.

ಕಿರುತೆರೆ: 1981ರಿಂದ 2015ರವರೆ‌ಗೆ

ಬೆಂಗಳೂರು ದೂರದರ್ಶನ ಕೇಂದ್ರ 1981ರ ನವೆಂಬರ್ 1ರಂದು ಶುರುವಾಯಿತು. 1994ರ ಜೂನಿನಲ್ಲಿ ಉದಯ ಟೀವಿ, 2000ದ ಡಿಸೆಂಬರಿನಲ್ಲಿ ಈಟೀವಿ ಕನ್ನಡ ಬಂದ ಮೇಲೆ ರಾತ್ರಿಯ ಹೊತ್ತು ಮನೆಯ ಹೊರಗಿನಿಂದ ಮನೆಯ ಒಳಗೆ ಸರಿಯಿತು. ಡೇರೆ ಮೇಳಗಳ ಗಲ್ಲಾಪೆಟ್ಟಿಗೆಗೆ ಇದರ ಪೆಟ್ಟು ನೇರವಾಗಿಯೇ ಬಿತ್ತು. ಹಲವು ಡೇರೆಗಳು ಮಡಚಿದವು. ಹರಕೆ ಮೇಳಗಳು ಮಾತ್ರ ಭಕ್ತರ ಬಲದಿಂದ ಗಟ್ಟಿಯಾಗಿಯೇ ಉಳಿದವು.

ಟೀವಿಯ ನಗೆಗೆ ತನ್ನದೇ ಚರಿತ್ರೆಯಿದೆ. ಅಮೆರಿಕದ ಎನ್‌ಬಿಸಿ ವಾಹಿನಿ 1954ರ ಸೆಪ್ಟೆಂಬರಿನಲ್ಲಿ 'ಟುನೈಟ್' ಕಾರ್ಯಕ್ರಮವನ್ನು ತಡರಾತ್ರಿ ದೇಶವ್ಯಾಪಿಯಾಗಿ ಬಿತ್ತರಿಸತೊಡಗಿತು. ಅದರ ಮೊದಲ ನಿರೂಪಕ ಸ್ಟೀವ್ ಅಲೆನ್ ಹಾಸ್ಯಗಾರನೂ ಹೌದು, ಪಿಯಾನೋ ವಾದಕನೂ ಹೌದು. 1962ರ ಅಕ್ಟೋಬರಿನಿಂದ 1992ರ ಮೇ ತನಕ ಮೂವತ್ತು ವರ್ಷ ಅದನ್ನು ನಡೆಸಿದ ಜಾನಿ ಕಾರ್ಸನ್, 1967ರಿಂದ ವಾದ್ಯವೃಂದದ ನಾಯಕನಾಗಿದ್ದ ಡಾಕ್ ಸೆವೆರಿನ್ಸನ್‌ನ ಬಣ್ಣಬಣ್ಣದ ಉಡುಪನ್ನು ಛೇಡಿಸುವುದು ಅಲ್ಲಿನ ಪ್ರೇಕ್ಷಕರು ಕಾಯುತ್ತಿದ್ದ ಮಾತಿನಾಟವಾಗಿತ್ತು. ನಗೆಯ ಮಾತು ನೆಲಕಚ್ಚಿದರೆ ವಾದ್ಯದವರು ಅದನ್ನು ಎತ್ತಿಕೊಳ್ಳುತ್ತಿದ್ದರು. ನಮ್ಮಲ್ಲಿ ಪ್ರಶ್ನೆ ಕೇಳುವ ಅಧಿಕಾರ ಹಾಡುವವರದು; ಅಲ್ಲಿ ಅದು ನಗಿಸುವವನದು. ಸಂಗೀತವನ್ನು ಮಾತಿನ ಜೊತೆಗಾರನಾಗಿ ವೇದಿಕೆಯ ಮೇಲೆಯೇ ಕೂರಿಸಿಕೊಂಡದ್ದರಲ್ಲಿ ಎರಡೂ ಒಂದೇ.

ಕನ್ನಡ ಕಿರುತೆರೆಯಲ್ಲಿ ಈ ಮಾದರಿ ದೊಡ್ಡದಾಗಿ ಕಾಣಿಸಿಕೊಂಡದ್ದು 2015ರಲ್ಲಿ ಸೃಜನ್ ಲೋಕೇಶ್ ಆರಂಭಿಸಿದ 'ಮಜಾ ಟಾಕೀಸ್'ನಲ್ಲಿ. ಸಿನಿಮಾ ಅತಿಥಿಗಳ ಜೊತೆ ಹರಟೆ, ನಡುನಡುವೆ ಹಾಡು, ಕುರಿ ಪ್ರತಾಪ್, ಮಂಡ್ಯ ರಮೇಶ್, ಶ್ವೇತಾ ಚೆಂಗಪ್ಪ, ಅಪರ್ಣಾ ಮೊದಲಾದವರ ಪಾತ್ರಗಳು. ಅದುವರೆಗೆ ಅಚ್ಚಗನ್ನಡದ ನಿರೂಪಣೆಗೆ ಹೆಸರಾಗಿದ್ದ ಅಪರ್ಣಾ ಅಲ್ಲಿ ವರಲಕ್ಷ್ಮಿಯಾಗಿ ನಗಿಸಿದ್ದನ್ನು ವೀಕ್ಷಕರು ಮರೆತಿಲ್ಲ.

ಮಂಗಳೂರಿನ ಸ್ಥಳೀಯ ವಾಹಿನಿಗಳು ಈ ಹೊತ್ತಿಗೆ ತಮ್ಮದೇ ದಾರಿ ಹಿಡಿದಿದ್ದವು. 'ನಮ್ಮ ಟೀವಿ' ವಾಹಿನಿಯ 'ಬಲೆ ತೆಲಿಪಾಲೆ', ವಿ4ರ 'ಕಾಮಿಡಿ ಪ್ರೀಮಿಯರ್ ಲೀಗ್' ಹಳ್ಳಿಯ ಹವ್ಯಾಸಿ ತಂಡಗಳಿಗೆ ಕೆಮರಾದ ಮುಂದೆ ನಿಲ್ಲುವ ಅವಕಾಶ ಕೊಟ್ಟವು. ದೇವದಾಸ್ ಕಾಪಿಕಾಡ್, ನವೀನ್ ಡಿ. ಪಡೀಲ್, ಭೋಜರಾಜ ವಾಮಂಜೂರು, ಅರವಿಂದ ಬೋಳಾರ್ ಮುಂತಾದ ರಂಗನಟರು ಮನೆಮನೆಯ ಹೆಸರಾದರು. 2011ರ 'ಒರಿಯರ್ದೊರಿ ಅಸಲ್', 2014ರ 'ಚಾಲಿ ಪೋಲಿಲು' ಚಿತ್ರಗಳ ಗೆಲುವಿಗೆ ಈ ನಟರು ವೇದಿಕೆಯಲ್ಲಿ ಸಂಪಾದಿಸಿದ್ದ ಪ್ರೇಕ್ಷಕರೇ ಬಂಡವಾಳ.

ವಾಲ್ಟರ್ ನಂದಳಿಕೆಯವರು ನಡೆಸಿಕೊಟ್ಟ ದಾಯ್ಜಿವರ್ಲ್ಡ್‌ನ 'ಪ್ರೈವೇಟ್ ಚಾಲೆಂಜ್' ಕಾರ್ಯಕ್ರಮವನ್ನು ಇಲ್ಲಿ ಬೇರೆಯಾಗಿ ಹೇಳಬೇಕು. ಅರವಿಂದ ಬೋಳಾರ್ ಒಂದೊಂದು ಕಂತಿಗೆ ಒಂದೊಂದು ವೇಷ ತೊಟ್ಟು ಕೂರುತ್ತಾರೆ. ವಾಲ್ಟರ್ ಗಂಭೀರ ಸಂದರ್ಶಕರಂತೆ ಪ್ರಶ್ನೆ ಹಾಕುತ್ತಾರೆ. ಉತ್ತರ ಎತ್ತ ಹೋಗುವುದೆಂದು ಪ್ರಶ್ನೆ ಕೇಳಿದವರಿಗೂ ತಿಳಿಯದು. ನಗು ತಡೆಯಲಾರದೆ ಸಂದರ್ಶಕರೇ ಮುಖ ತಿರುಗಿಸಿಕೊಳ್ಳುವ ಗಳಿಗೆಗಳು ಮೊಬೈಲಿನಿಂದ ಮೊಬೈಲಿಗೆ ಹರಿದಾಡಿದವು. ವೇಷಧಾರಿಯೊಬ್ಬರನ್ನು ಎದುರಿಗೆ ನಿಲ್ಲಿಸಿ 'ಯಾರಪ್ಪ ನೀನು' ಎಂದು ಕೇಳುವ ಭಾಗವತರ ಕ್ರಮವೇ ಅಲ್ಲಿ ಮುಂದುವರಿದಿದೆ. ಭಾಗವತರ ಕೈಯ ಜಾಗಟೆ ಮಾತ್ರ ಇಲ್ಲ. ಮಾತು ಎಲ್ಲಿ ನಿಲ್ಲಬೇಕೆಂದು ಹೇಳುತ್ತಿದ್ದದ್ದು ಆ ಜಾಗಟೆ. ಹಾಗಾಗಿ ಹೊಸ ಮಾಧ್ಯಮದ ನಗೆಗೆ ತನ್ನ ಮಿತಿಯನ್ನು ತಾನೇ ಕಂಡುಕೊಳ್ಳುವ ಹೊಣೆ ಹೆಚ್ಚು.

ಕಾಲಮಿತಿಯ ದಿನಗಳು: 2015ರಿಂದ ಇಂದಿನವರೆಗೆ

ಬೆಳಗಿನ ತನಕ ಆಟ ನೋಡುವವರು ಕಡಿಮೆಯಾದಂತೆ ಸಂಜೆ ಶುರುವಾಗಿ ನಡುರಾತ್ರಿಯೊಳಗೆ ಮುಗಿಯುವ ಕಾಲಮಿತಿ ಪ್ರಯೋಗ ಬೆಳೆಯಿತು. ಧರ್ಮಸ್ಥಳ ಮೇಳವೂ ಆ ಕ್ರಮಕ್ಕೆ ಬಂತು. ಕಟೀಲಿನ ಮೇಳಗಳು ಇಡೀ ರಾತ್ರಿಯ ಪರಂಪರೆಯನ್ನು ಹಿಡಿದುಕೊಂಡಿದ್ದವು. 2022ರ ತಿರುಗಾಟದ ಆರಂಭದಲ್ಲಿ ರಾತ್ರಿ ಹತ್ತರ ನಂತರದ ಧ್ವನಿವರ್ಧಕದ ನಿಯಮದಿಂದಾಗಿ ಅವೂ ಕಾಲಮಿತಿಗೆ ಹೊರಳಬೇಕಾಯಿತು. ಭಕ್ತರು, ಆಡಳಿತ, ಅಧಿಕಾರಿಗಳು ಕೂತು ಮಾತಾಡಿದ ಮೇಲೆ ಶಬ್ದದ ಮಿತಿಯೊಳಗೆ ಇಡೀ ರಾತ್ರಿಯ ಆಟಕ್ಕೆ ಮತ್ತೆ ದಾರಿಯಾಯಿತು. ಹರಕೆ ಹೊತ್ತವರ ಸಾಲು ದೊಡ್ಡದಿದ್ದುದರಿಂದ ಕಟೀಲಿನ ಆರು ಮೇಳಗಳ ಜೊತೆಗೆ 2025ರಲ್ಲಿ ಏಳನೆಯದೂ ಸೇರಿತು.

ಕಾಲಮಿತಿಯಲ್ಲಿ ಮೊದಲು ಕತ್ತರಿ ಬೀಳುವುದು ಪೂರ್ವರಂಗಕ್ಕೆ, ನಂತರ ಹಾಸ್ಯಕ್ಕೆ. ಕೋಡಂಗಿ, ಬಾಲಗೋಪಾಲರ ಕುಣಿತದಲ್ಲಿ ಕಾಲು ಕುದುರಿಸಿಕೊಳ್ಳುತ್ತಿದ್ದ ಹುಡುಗರಿಗೆ ರಂಗದ ಹೊತ್ತು ಕಡಿಮೆಯಾಯಿತು. ಮುಂಚೆ ಮುಕ್ಕಾಲು ಗಂಟೆ ಎಳೆಯಬಹುದಾಗಿದ್ದ ಹಾಸ್ಯದ ಸನ್ನಿವೇಶ ಹತ್ತು ನಿಮಿಷಕ್ಕೆ ಇಳಿಯಿತು. ಪ್ರಯೋಜನವೂ ಇಲ್ಲದಿಲ್ಲ: ಮರುದಿನ ಕೆಲಸಕ್ಕೆ ಹೋಗುವವರು, ಶಾಲೆಯ ಮಕ್ಕಳು ಮತ್ತೆ ಆಟಕ್ಕೆ ಬಂದರು, ಕಲಾವಿದರ ಆರೋಗ್ಯಕ್ಕೂ ಒಳಿತಾಯಿತು. ಕಲಾವಿದರ ವಿಮೆ, ಮನೆ, ಚಿಕಿತ್ಸೆಗಳ ಕಡೆ ಗಮನ ಹರಿಸಿದ್ದು ಈ ದಶಕದ ಇನ್ನೊಂದು ಮೈಲಿಗಲ್ಲು. 2015ರಲ್ಲಿ ಆರಂಭವಾದ ಯಕ್ಷಧ್ರುವ ಪಟ್ಲ ಫೌಂಡೇಶನ್ ಈ ದಿಸೆಯಲ್ಲಿ ದುಡಿದಿದೆ. 2020ರ ಮಾರ್ಚಿನಲ್ಲಿ ಕೋವಿಡ್‌ನಿಂದ ತಿರುಗಾಟ ಅರ್ಧಕ್ಕೇ ನಿಂತಾಗ ಇಂಥ ನೆರವಿನ ಬೆಲೆ ಎಲ್ಲರಿಗೂ ತಿಳಿಯಿತು.

ಅದೇ 2020ರ ಆರಂಭದಲ್ಲಿ ರಂಗಕ್ಕೆ ಬಂದ ವಿಜಯಕುಮಾರ್ ಕೊಡಿಯಾಲ್‌ಬೈಲ್ ನಿರ್ದೇಶನದ 'ಶಿವದೂತ ಗುಳಿಗೆ' ತುಳು ನಾಟಕವನ್ನು ಜನ ಡೇರೆ ಮೇಳದ ದಿನಗಳಂತೆ ಗುಂಪುಗುಂಪಾಗಿ ನೋಡಿದರು. ಒಳ್ಳೆಯದು ಬಂದರೆ ರಾತ್ರಿ ಹೊರಗೆ ಹೊರಡುವ ಅಭ್ಯಾಸ ಕರಾವಳಿಯಲ್ಲಿ ಇನ್ನೂ ಹೋಗಿಲ್ಲ.

ನೆಲೆ ನೀಡಿದ ಕಟ್ಟಡಗಳು

ಗದ್ದೆಯ ಕಲೆಗೆ ಕಟ್ಟಡದ ಚರಿತ್ರೆ ಚಿಕ್ಕದು. ಆದರೂ ಕೆಲವನ್ನು ಹೆಸರಿಸಬೇಕು. ಮಂಗಳೂರಿನ ಪುರಭವನ, ಕೊಂಕಣಿ ಮತ್ತು ತುಳು ನಾಟಕಗಳಿಗೆ ಆಸರೆಯಾದ ಡಾನ್ ಬಾಸ್ಕೋ ಹಾಲ್, ವಿಶ್ವವಿದ್ಯಾನಿಲಯ ಕಾಲೇಜಿನ ರವೀಂದ್ರ ಕಲಾಭವನ, ಉರ್ವಸ್ಟೋರಿನ ತುಳು ಭವನ ನಗೆ ಮತ್ತು ಹಾಡಿಗೆ ಸೂರು ಕೊಟ್ಟಿವೆ. ತೊಕ್ಕೊಟ್ಟಿನಿಂದ ಮೂಡಣಕ್ಕೆ ಹೋಗುವ ದಾರಿಯಲ್ಲಿ, 1980ರಲ್ಲಿ ಸ್ಥಾಪನೆಯಾದ ಮಂಗಳೂರು ವಿಶ್ವವಿದ್ಯಾನಿಲಯದ ಕೊಣಾಜೆ ಆವರಣದಲ್ಲಿ ಯಕ್ಷಗಾನ ಅಧ್ಯಯನ ಕೇಂದ್ರವಿದೆ. ಗದ್ದೆಯ ಪಕ್ಕದಲ್ಲೇ ಗ್ರಂಥಾಲಯವೂ ಇರುವ ಭಾಗ್ಯ ಎಲ್ಲ ಕಲೆಗಳಿಗೂ ಸಿಗುವುದಿಲ್ಲ. ನಮ್ಮ ಸುತ್ತಿನ ಹವ್ಯಾಸಿ ಸಂಘಗಳಿಗೆ ಮಾತ್ರ ಶಾಲೆಯ ಜಗಲಿ, ದೇವಸ್ಥಾನದ ಚಾವಡಿ, ಭಜನಾ ಮಂದಿರಗಳೇ ಅಭ್ಯಾಸದ ತಾಣ. ನಾಟ್ಯ, ಮದ್ದಳೆ, ಭಾಗವತಿಕೆಯ ಭಾನುವಾರದ ತರಗತಿಗಳು ಅಲ್ಲೇ ನಡೆಯುತ್ತವೆ.

ಮುಂದಿನ ಕೆಲಸ

ಕಲೆಯೊಂದರ ಚರಿತ್ರೆ ಬರೆಯುವಾಗ ದಾಖಲೆ ಹುಡುಕುವುದು ಸಹಜ. ಇಲ್ಲಿ ಒಂದು ಕೊರತೆ ಎದ್ದು ಕಾಣುತ್ತದೆ. ಪ್ರಸಂಗಗಳು ಅಚ್ಚಾಗಿವೆ, ಭಾಗವತರ ಹಾಡುಗಳ ಧ್ವನಿಮುದ್ರಣಗಳಿವೆ, ದೊಡ್ಡ ಅರ್ಥಧಾರಿಗಳ ಮಾತುಗಳು ಕ್ಯಾಸೆಟ್ಟಿನಲ್ಲೂ ಪುಸ್ತಕದಲ್ಲೂ ಉಳಿದಿವೆ. ಹಾಸ್ಯಗಾರರ ಮಾತು ಬಹುಪಾಲು ಆಯಾ ರಾತ್ರಿಯೊಂದಿಗೇ ಹೋಗಿದೆ. ಒಬ್ಬರಿಂದ ಇನ್ನೊಬ್ಬರಿಗೆ ಬಾಯಿಂದ ಬಾಯಿಗೆ ಬಂದದ್ದಷ್ಟೇ ಉಳಿಕೆ. 2024ರಲ್ಲಿ ಹಾಸ್ಯಗಾರ ಬಂಟ್ವಾಳ ಜಯರಾಮ ಆಚಾರ್ಯರು ತೀರಿಕೊಂಡಾಗ ಹೋದದ್ದು ಒಬ್ಬ ಕಲಾವಿದರಷ್ಟೇ ಅಲ್ಲ. ಅವರು ಹಿರಿಯರಿಂದ ಕಲಿತು ನೆನಪಿನಲ್ಲಿಟ್ಟುಕೊಂಡಿದ್ದ ನೂರಾರು ರಂಗಮಾತುಗಳೂ ಹೋದವು.

ಆದ್ದರಿಂದ ಈ ಸ್ಮರಣ ಸಂಚಿಕೆಯ ಸಂಭ್ರಮದ ವರ್ಷದಲ್ಲಿ ಸಂಘಸಂಸ್ಥೆಗಳು ಸನ್ಮಾನದ ಶಾಲಿನ ಜೊತೆಗೆ ಒಂದು ಧ್ವನಿಮುದ್ರಕವನ್ನೂ ಕೊಂಡೊಯ್ಯಲಿ. ಇಂದು ಬದುಕಿರುವ ಹಿರಿಯ ಹಾಸ್ಯಗಾರರನ್ನು ಒಬ್ಬ ಭಾಗವತರ ಎದುರು ಕೂರಿಸಿ, ಮದ್ದಳೆಯೊಂದನ್ನು ಜೊತೆಗಿಟ್ಟು, ಬಾಹುಕ ಹೇಗೆ ಬರುತ್ತಿದ್ದ, ರಜಕ ಏನೆನ್ನುತ್ತಿದ್ದ, ಬಾಗಿಲ ದೂತ ಯಾವ ಊರಿನಲ್ಲಿ ಯಾವ ಮಾತು ಬಿಡುತ್ತಿದ್ದ ಎಂದು ಕೇಳಿ ದಾಖಲಿಸಲಿ. ಸುಮ್ಮನೆ ಮೈಕು ಹಿಡಿದರೆ ಅವರ ಬಾಯಿಂದ ಆ ಮಾತುಗಳು ಹೊರಡುವುದಿಲ್ಲ; ಭಾಗವತರು ಪ್ರಶ್ನೆ ಹಾಕಲೇಬೇಕು. ಆಕಾಶವಾಣಿಯ ಭಂಡಾರ, ಕೊಣಾಜೆಯ ಅಧ್ಯಯನ ಕೇಂದ್ರ, ಊರಿನ ಮನೆಗಳಲ್ಲಿ ಧೂಳು ಹಿಡಿದ ಕ್ಯಾಸೆಟ್ಟುಗಳು ಮೂರನ್ನೂ ಒಂದು ಪಟ್ಟಿಗೆ ತರುವ ಕೆಲಸ ಒಂದೆರಡು ಮಳೆಗಾಲದಲ್ಲಿ ಮುಗಿಯುವಂಥದ್ದು. ಪತ್ತನಾಜೆಯ ನಂತರ ಕಲಾವಿದರು ಮನೆಯಲ್ಲೇ ಇರುತ್ತಾರೆ. ಮುಂದಿನ ಮಹೋತ್ಸವದ ಸಂಚಿಕೆಯಲ್ಲಿ ಈ ಲೇಖನದ ಜಾಗದಲ್ಲಿ ಆ ಪಟ್ಟಿ ಅಚ್ಚಾಗುವಂತಾದರೆ ಇಂದಿನ ಆಚರಣೆ ಸಾರ್ಥಕವಾದೀತು.